ಕ್ರಾನಿಕಲ್ ಹೇಳಿದ್ದು, ಕಡತ ಉಳಿಸಿದ್ದು: ಮಧ್ಯಯುಗದ ಬ್ರಿಟನ್ ಇತಿಹಾಸದ ಆಕರಗಳನ್ನು ಓದುವುದು ಹೇಗೆ?

1216ರ ಅಕ್ಟೋಬರ್‌ನಲ್ಲಿ ಇಂಗ್ಲೆಂಡಿನ ರಾಜ ಜಾನ್ ತನ್ನ ಖಜಾನೆಯನ್ನೆಲ್ಲ ಸಮುದ್ರದ ಅಳಿವೆಯಲ್ಲಿ ಕಳೆದುಕೊಂಡ. ಈ ಕಥೆಯನ್ನು ನೀವು ಎಲ್ಲಾದರೂ ಓದಿರಬಹುದು. ಜಾಗ ಪೂರ್ವ ಕರಾವಳಿಯ ವಾಶ್. ಉಬ್ಬರದ ನೀರು ನುಗ್ಗಿತು, ಬಂಡಿಗಳು ಮುಳುಗಿದವು, ಒಡವೆ ಹೋಯಿತು. ಒಂದು ವಾರದೊಳಗೆ ರಾಜನೂ ತೀರಿಕೊಂಡ.

ಇದು ನಮಗೆ ಹೇಗೆ ಗೊತ್ತಾಯಿತು? ಬರೆದವರು ಯಾರು? ಅವರು ಅಲ್ಲಿದ್ದರಾ? ರಾಜನ ಕಚೇರಿಯ ಕಾಗದಪತ್ರಗಳು ಏನು ಹೇಳುತ್ತವೆ? ಈ ಒಂದೇ ಘಟನೆಯನ್ನು ಹಿಡಿದುಕೊಂಡು ಮಧ್ಯಯುಗದ ಬ್ರಿಟನ್ನಿನ ಆಕರಗಳನ್ನು ಓದುವ ದಾರಿಯನ್ನು ಇಲ್ಲಿ ಹಂತ ಹಂತವಾಗಿ ತೋರಿಸುತ್ತೇನೆ. ಇತಿಹಾಸ ಓದುತ್ತಿರುವ ವಿದ್ಯಾರ್ಥಿಗಳಿಗೂ ಇದು ಆಗುತ್ತದೆ, ಸುಮ್ನೆ ಕುತೂಹಲಕ್ಕೆ ಹುಡುಕುವವರಿಗೂ ಆಗುತ್ತದೆ. ಬೇಕಾದ ಆಕರಗಳಲ್ಲಿ ಬಹಳಷ್ಟು ಈಗ ಇಂಟರ್‌ನೆಟ್ಟಿನಲ್ಲಿ ದುಡ್ಡು ಕೊಡದೆ ಸಿಗುತ್ತವೆ. ಲಂಡನ್ನಿಗೆ ಹೋಗಬೇಕಾಗಿಲ್ಲ.

## ಹಂತ 1: ಪ್ರಶ್ನೆಯನ್ನು ಚಿಕ್ಕದು ಮಾಡಿಕೊಳ್ಳಿ

"ಜಾನ್ ಕೆಟ್ಟ ರಾಜನೇ?" ಎಂದು ಶುರು ಮಾಡಿದರೆ ಎಂದಿಗೂ ಮುಗಿಯುವುದಿಲ್ಲ. ಅಭಿಪ್ರಾಯಗಳ ರಾಶಿಯಲ್ಲಿ ಕಳೆದುಹೋಗುತ್ತೀರಿ. "1216ರ ಅಕ್ಟೋಬರ್ ಎರಡನೇ ವಾರದಲ್ಲಿ ಜಾನ್ ಎಲ್ಲೆಲ್ಲಿದ್ದ? ಏನು ಕಳೆದುಕೊಂಡ?" ಎಂದು ಕೇಳಿ. ಇದಕ್ಕೆ ಒಂದು ಜಾಗ ಇದೆ, ಒಂದು ದಿನಾಂಕ ಇದೆ, ಹೆಸರುಗಳಿವೆ. ಯಾವ ಪುಟ ತೆರೆಯಬೇಕು ಅನ್ನುವುದು ತಾನಾಗಿ ಗೊತ್ತಾಗುತ್ತದೆ.

ಪ್ರಶ್ನೆಯಲ್ಲಿ ವ್ಯಕ್ತಿ, ಊರು, ಕಾಲ ಈ ಮೂರರಲ್ಲಿ ಎರಡಾದರೂ ಇರಲಿ.

## ಹಂತ 2: ಕೈಯಲ್ಲಿರುವುದು ಯಾವ ಬಗೆಯ ಆಕರ?

ಕ್ರಾನಿಕಲ್ ಎಂದರೆ ವರ್ಷದಿಂದ ವರ್ಷಕ್ಕೆ ಬರೆದ ವೃತ್ತಾಂತ. ಹೆಚ್ಚಾಗಿ ಮಠದ ಸನ್ಯಾಸಿಗಳು ಲ್ಯಾಟಿನ್‌ನಲ್ಲಿ ಬರೆದದ್ದು. ಮುಂದಿನವರು ಓದಲಿ ಎಂದೇ ಬರೆದದ್ದು. ಹಾಗಾಗಿ ಅದರಲ್ಲಿ ಕಥೆ ಇರುತ್ತದೆ, ತೀರ್ಪು ಇರುತ್ತದೆ, ಪಾಪಕ್ಕೆ ಶಿಕ್ಷೆ ಇರುತ್ತದೆ.

ದಾಖಲೆ ಹುಟ್ಟಿದ್ದು ಕೆಲಸಕ್ಕಾಗಿ. ಶೆರಿಫ್ (ಸೀಮೆಯಲ್ಲಿ ರಾಜನ ಅಧಿಕಾರಿ) ಕಟ್ಟಬೇಕಾದ ಬಾಕಿ, ರಾಜ ಕಳಿಸಿದ ಪತ್ರದ ನಕಲು, ಕೋರ್ಟಿನ ತಕರಾರು, ಹಳ್ಳಿಯ ರೈತ ಕೊಟ್ಟ ದಂಡ. ಬರೆದ ಗುಮಾಸ್ತನಿಗೆ ನಮ್ಮ ಪರಿಚಯ ಮಾಡಿಕೊಳ್ಳುವ ಯಾವ ಆಸೆಯೂ ಇರಲಿಲ್ಲ. ಅದಕ್ಕೇ ಅವನು ನಮಗೆ ಅಷ್ಟು ಬೇಕಾದವನು. ಅವನು ಬೇಕೆಂದು ಹೇಳಿದ್ದಕ್ಕಿಂತ ತನಗೆ ಗೊತ್ತಿಲ್ಲದೆ ಬಿಟ್ಟುಹೋದ ಸುಳಿವು ಜಾಸ್ತಿ.

ಎರಡರಲ್ಲಿ ಯಾವುದು ಮೇಲು ಎಂದು ಕೇಳುವವರಿದ್ದಾರೆ. ನನ್ನ ಮಟ್ಟಿಗೆ ಆ ಪ್ರಶ್ನೆಯಿಂದ ಏನೂ ಸಿಗುವುದಿಲ್ಲ. ಕಡತ ಓದಿದರೆ ರಾಜ ಯಾವ ದಿನ ಎಲ್ಲಿದ್ದ ಎಂದು ತಿಳಿಯುತ್ತದೆ. ಜನ ಅವನನ್ನು ಏಕೆ ದ್ವೇಷಿಸಿದರು ಎಂದು ತಿಳಿಯಲು ಕ್ರಾನಿಕಲ್ ಬೇಕು. ಎರಡನ್ನೂ ಎದುರುಬದುರು ಕೂರಿಸಬೇಕು.

## ಹಂತ 3: ಬರೆದವನ ಜಾತಕ ನೋಡಿ

ಈ ಹಂತಕ್ಕೆ ಸಮಯ ಕೊಡಿ. ಅವಸರ ಬೇಡ. ಪ್ರತಿ ಕ್ರಾನಿಕಲ್‌ಗೂ ಈ ನಾಲ್ಕನ್ನು ಕೇಳಿ: ಯಾರು ಬರೆದ? ಯಾವಾಗ ಬರೆದ? ಎಲ್ಲಿ ಕೂತು ಬರೆದ? ಅವನಿಗೆ ಸುದ್ದಿ ಕೊಟ್ಟವರು ಯಾರು?

ವಾಶ್ ಘಟನೆಗೆ ಮುಖ್ಯವಾಗಿ ಇಬ್ಬರು ಸಾಕ್ಷಿಗಳಿದ್ದಾರೆ. ಮೊದಲನೆಯವನು ವೆಂಡೋವರ್‌ನ ರೋಜರ್. ಲಂಡನ್ನಿನ ಉತ್ತರಕ್ಕಿರುವ ಸೇಂಟ್ ಆಲ್ಬನ್ಸ್ ಮಠದ ಸನ್ಯಾಸಿ. 1236ರಲ್ಲಿ ತೀರಿಕೊಂಡ. ಜಾನ್ ಸತ್ತು ಕೆಲವು ವರ್ಷಗಳಾದ ಮೇಲೆ ಬರೆದವನು. ಅಷ್ಟು ಹೊತ್ತಿಗೆ ಜಾನ್ ಎಂದರೆ ದುಷ್ಟ ರಾಜ ಎಂಬ ಮಾತು ಗಟ್ಟಿಯಾಗಿತ್ತು. ಅವನ ಪ್ರಕಾರ ವೆಲ್‌ಸ್ಟ್ರೀಮ್ ಎಂಬ ನದಿ ದಾಟುವಾಗ ರಾಜನ ಬಂಡಿ, ಹೇರು ಕುದುರೆ, ಖಜಾನೆ, ಬೆಲೆಬಾಳುವ ಪಾತ್ರೆಗಳೆಲ್ಲ ಹೋದವು. ನೀರಿನ ನಡುವೆ ನೆಲವೇ ಬಾಯಿಬಿಟ್ಟು ಸುಳಿ ಎದ್ದಿತು, ಜನ ಕುದುರೆ ಎಲ್ಲವನ್ನೂ ನುಂಗಿತು. ರಾಜನಿಗೆ ಸುದ್ದಿ ಮುಟ್ಟಿಸಲು ಒಬ್ಬನೂ ಉಳಿಯಲಿಲ್ಲ. ಆ ರಾತ್ರಿ ರಾಜ ಸ್ವೈನ್ಸ್‌ಹೆಡ್ ಮಠದಲ್ಲಿ ಉಳಿದ, ದುಃಖದಲ್ಲಿ ಜ್ವರ ಹತ್ತಿತು, ಅದರ ಮೇಲೆ ಪೀಚ್ ಹಣ್ಣು ತಿಂದು ಹೊಸ ಸೇಬಿನ ಹೆಂಡ ಕುಡಿದು ಜ್ವರ ಏರಿಸಿಕೊಂಡ.

ಎರಡನೆಯವನು ಎಸೆಕ್ಸ್ ಸೀಮೆಯ ಕಾಗ್ಗೆಶಲ್ ಮಠದ ಮುಖ್ಯಸ್ಥ ರಾಲ್ಫ್. 1207ರಿಂದ 1218ರವರೆಗೆ ಆ ಸ್ಥಾನದಲ್ಲಿದ್ದ, ಅಂದರೆ ಘಟನೆ ನಡೆದಾಗ ಅಧಿಕಾರದಲ್ಲೇ ಇದ್ದವನು. ಅವನು ಹೇಳುವುದು ಚಿಕ್ಕ ನಷ್ಟ. ರಾಜನ ಪ್ರಯಾಣದ ಪೂಜಾ ಸಾಮಗ್ರಿ, ಸಂತರ ಪವಿತ್ರ ಅವಶೇಷಗಳು, ಮನೆಸಾಮಾನು ಹೊತ್ತ ಕೆಲವು ಕುದುರೆಗಳು. ರಾಜನ ಪರಿವಾರದ ಹಲವರು ನೀರಲ್ಲಿ ಮುಳುಗಿ, ಮರಳಲ್ಲಿ ಹೂತುಹೋದರು. ಕಾರಣವನ್ನೂ ಹೇಳುತ್ತಾನೆ: ಸಮುದ್ರ ಇನ್ನೂ ಇಳಿದಿರಲಿಲ್ಲ, ಅವರು ಅವಸರದಲ್ಲಿ ಹೊರಟುಬಿಟ್ಟರು. ಕಾಯಿಲೆಯ ವಿಷಯದಲ್ಲೂ ಅವನ ಮಾತು ಬೇರೆ. ವಾಶ್ ದಾಟುವ ಮೊದಲೇ, ಲಿನ್ ಪಟ್ಟಣದಲ್ಲಿ ಮಿತಿಮೀರಿ ಉಂಡು ರಾಜನಿಗೆ ಆಮಶಂಕೆ ಹಿಡಿಯಿತು ಅನ್ನುತ್ತಾನೆ.

ಈಗ ಒಂದು ಮುಖ್ಯ ವಿಷಯ. ಆಗ ಜಾನ್‌ಗೂ ಅವನ ಸಾಮಂತರಿಗೂ ಅಂತರ್ಯುದ್ಧ ನಡೆಯುತ್ತಿತ್ತು. ಅದೇ 1216ರ ಆರಂಭದಲ್ಲಿ ಜಾನ್‌ನ ಸೈನಿಕರು ಕಾಗ್ಗೆಶಲ್ ಮಠಕ್ಕೆ ನುಗ್ಗಿ ಕುದುರೆಗಳನ್ನು ಹೊಡೆದುಕೊಂಡು ಹೋಗಿದ್ದರು. ರಾಲ್ಫ್‌ಗೆ ರಾಜನ ಮೇಲೆ ಸಿಟ್ಟಿರಲು ಎಲ್ಲ ಕಾರಣ ಇತ್ತು. ದೇವರು ಅವನ ಸಂಪತ್ತನ್ನೆಲ್ಲ ಕಿತ್ತುಕೊಂಡ ಎಂದು ಬರೆಯಲು ಇದಕ್ಕಿಂತ ಒಳ್ಳೆಯ ಅವಕಾಶ ಇನ್ನೇನಿತ್ತು? ಆದರೂ ಅವನು "ಕೆಲವು ಕುದುರೆ" ಎಂದಷ್ಟೇ ಬರೆದ. ತನ್ನ ಸಿಟ್ಟಿಗೆ ಅನುಕೂಲವಾಗದ ಮಾತನ್ನು ಹೇಳುವ ಸಾಕ್ಷಿಗೆ ನಾನು ಹೆಚ್ಚು ಬೆಲೆ ಕೊಡುತ್ತೇನೆ.

ಹಾಗಂತ ರೋಜರ್‌ನನ್ನು ಎತ್ತಿ ಎಸೆಯಬೇಡಿ. ಅವನು ಕೆಲ ಕಾಲ ಬೀವರ್ ಎಂಬಲ್ಲಿದ್ದ ಶಾಖಾ ಮಠದ ಮುಖ್ಯಸ್ಥನಾಗಿದ್ದ. ಜಾನ್ ಕೊನೆಯುಸಿರೆಳೆದ ನ್ಯೂಆರ್ಕ್‌ಗೂ ಬೀವರ್‌ಗೂ ಹೆಚ್ಚು ದೂರ ಇಲ್ಲ. ಆ ಕಡೆಯ ಜನರ ಬಾಯಿಂದ ಕೇಳಿದ ಸುದ್ದಿ ಅವನ ಬರಹದಲ್ಲಿ ಇರಬಹುದು. ಆದರೆ "ಹೇಳಲು ಒಬ್ಬನೂ ಉಳಿಯಲಿಲ್ಲ" ಎಂಬ ಸಾಲಿನ ಹತ್ತಿರ ಪೆನ್ಸಿಲ್ ಗುರುತು ಹಾಕಿ. ಯಾರೂ ಉಳಿಯದಿದ್ದರೆ ಆ ಸುಳಿಯ ವರ್ಣನೆ ಬಂದದ್ದು ಎಲ್ಲಿಂದ?

ಮೂರನೆಯವನೂ ಒಬ್ಬ ಸಿಗುತ್ತಾನೆ: ಮ್ಯಾಥ್ಯೂ ಪ್ಯಾರಿಸ್. ಅದೇ ಸೇಂಟ್ ಆಲ್ಬನ್ಸ್ ಮಠದವನು, 1259ರಲ್ಲಿ ತೀರಿಕೊಂಡವನು, ಒಳ್ಳೆಯ ಚಿತ್ರಗಾರ. ಅವನು ರೋಜರ್‌ನ ಬರಹವನ್ನೇ ನಕಲು ಮಾಡಿ, ಅಲ್ಲಲ್ಲಿ ಖಾರ ಸೇರಿಸಿದ. ಹಾಗಾಗಿ ಈ ಘಟನೆಗೆ ರೋಜರ್, ಮ್ಯಾಥ್ಯೂ ಇಬ್ಬರನ್ನೂ ಹೆಸರಿಸಿ "ಎರಡು ಸಾಕ್ಷಿ" ಎಂದು ಬರೆದರೆ ಅದು ತಪ್ಪು. ಒಬ್ಬನೇ ಎರಡು ಸಲ ಮಾತಾಡಿದ ಹಾಗೆ. ಯಾರು ಯಾರಿಂದ ನಕಲು ಮಾಡಿದರು ಎಂದು ಪತ್ತೆ ಹಚ್ಚದೆ ಸಾಕ್ಷಿಗಳನ್ನು ಎಣಿಸಬೇಡಿ. 19ನೇ ಶತಮಾನದಲ್ಲಿ ಅಚ್ಚಾದ, ಮಧ್ಯಯುಗದ ಆಕರಗಳ ಮಾಲೆಯಾದ ರೋಲ್ಸ್ ಸೀರೀಸ್‌ನ ಮ್ಯಾಥ್ಯೂ ಪ್ಯಾರಿಸ್ ಸಂಪುಟಗಳಲ್ಲಿ ಎರವಲು ತಂದ ಸಾಲುಗಳನ್ನು ಸಣ್ಣ ಅಕ್ಷರದಲ್ಲಿ, ಅವನದೇ ಸಾಲುಗಳನ್ನು ದೊಡ್ಡ ಅಕ್ಷರದಲ್ಲಿ ಹಾಕಿದ್ದಾರೆ. ಈ ಒಂದು ಗುಟ್ಟು ಗೊತ್ತಿದ್ದರೆ ಅರ್ಧ ಕೆಲಸ ಮುಗಿದ ಹಾಗೆ.

## ಹಂತ 4: ಒಂದೇ ಕ್ರಾನಿಕಲ್ ಆದರೂ ಎಲ್ಲ ಪ್ರತಿ ನೋಡಿ

"ಆಂಗ್ಲೋ ಸ್ಯಾಕ್ಸನ್ ಕ್ರಾನಿಕಲ್ ಹೀಗೆ ಹೇಳುತ್ತದೆ" ಎಂಬ ವಾಕ್ಯ ಕಂಡರೆ ತಕ್ಷಣ ಕೇಳಿ: ಯಾವ ಪ್ರತಿ? ಆಲ್ಫ್ರೆಡ್ ರಾಜನ ಕಾಲದಲ್ಲಿ, 9ನೇ ಶತಮಾನದ ಕೊನೆಯಲ್ಲಿ, ಹಳೆಯ ಇಂಗ್ಲಿಷ್‌ನಲ್ಲಿ ಶುರುವಾದ ಈ ವೃತ್ತಾಂತವನ್ನು ಬೇರೆ ಬೇರೆ ಮಠಗಳು ನಕಲು ಮಾಡಿಕೊಂಡು ತಮ್ಮ ಪಾಡಿಗೆ ಮುಂದುವರಿಸಿದವು. ವಿದ್ವಾಂಸರು ಅವನ್ನು ಎ, ಬಿ, ಸಿ, ಡಿ, ಇ ಎಂದು ಕರೆಯುತ್ತಾರೆ. ಪೀಟರ್‌ಬರೋ ಮಠದ ಇ ಪ್ರತಿ 1154ರವರೆಗೂ ಬರುತ್ತದೆ.

ಪ್ರತಿಗಳ ನಡುವಿನ ಅಂತರ ಎಷ್ಟಿರಬಹುದು ಎಂದು 1036ರ ಒಂದು ಘಟನೆಯಲ್ಲಿ ನೋಡಿ. ರಾಜಕುಮಾರ ಆಲ್ಫ್ರೆಡ್ (ಮೇಲೆ ಹೇಳಿದ ರಾಜನಲ್ಲ, ಬೇರೆಯವನು) ತನ್ನ ತಾಯಿಯನ್ನು ನೋಡಲು ಇಂಗ್ಲೆಂಡಿಗೆ ಬಂದ. ಅವನನ್ನು ಹಿಡಿದರು, ಜೊತೆಗಿದ್ದವರನ್ನು ಕೊಂದರು, ಅವನ ಕಣ್ಣು ಕಿತ್ತರು. ಈಲಿ ಮಠದಲ್ಲಿ ಅವನು ಸತ್ತ. ಸಿ ಪ್ರತಿ ನೇರವಾಗಿ ಹೆಸರು ಹೇಳುತ್ತದೆ: ಅವನನ್ನು ತಡೆದವನು ಗಾಡ್ವಿನ್. ಆ ಕಾಲದ ಅತಿ ಬಲಿಷ್ಠ ಸಾಮಂತ, ಮುಂದೆ ರಾಜನಾಗುವ ಹೆರಾಲ್ಡ್‌ನ ಅಪ್ಪ. ಡಿ ಪ್ರತಿಯಲ್ಲಿ ಹೆಚ್ಚುಕಡಿಮೆ ಅದೇ ಕಥೆ, ಆದರೆ ಗಾಡ್ವಿನ್ ಹೆಸರು ಮಾಯ. "ಅಧಿಕಾರದಲ್ಲಿದ್ದವರು" ತಡೆದರು ಎಂದಷ್ಟೇ ಇದೆ. ಇ ಪ್ರತಿಯಲ್ಲಿ ಈ ಕೊಲೆಯ ಸುದ್ದಿಯೇ ಇಲ್ಲ.

ಒಂದೇ ಪ್ರತಿ ಓದಿದವನಿಗೆ ಗಾಡ್ವಿನ್ ಕೊಲೆಗಾರನೂ ಆಗಬಹುದು, ನಿರಪರಾಧಿಯೂ ಆಗಬಹುದು. ಮೂರನ್ನೂ ಪಕ್ಕಪಕ್ಕ ಇಟ್ಟವನಿಗೆ ಇನ್ನೊಂದು ಸಂಗತಿ ಕಾಣುತ್ತದೆ: ಗಾಡ್ವಿನ್ ಮನೆತನದ ಬಗ್ಗೆ ಯಾವ ಮಠಕ್ಕೆ ಎಂಥ ಭಾವನೆ ಇತ್ತು ಅನ್ನುವುದು. ಕಾಗದದ ಮೇಲೆ ಮೂರು ಕಂಬಸಾಲು ಎಳೆದು, ಸಾಲಿಗೆ ಸಾಲು ಹೊಂದಿಸಿ ಬರೆದುಕೊಳ್ಳಿ. ಯಾವ ಸಾಫ್ಟ್‌ವೇರೂ ಬೇಡ.

## ಹಂತ 5: ಕಡತಗಳಿಗೆ ಇಳಿಯಿರಿ

ಇಂಗ್ಲೆಂಡಿನ ಅದೃಷ್ಟ ದೊಡ್ಡದು. ಅಲ್ಲಿನ ರಾಜರ ಕಚೇರಿಯ ಚರ್ಮದ ಸುರುಳಿಗಳು ಬಹಳಷ್ಟು ಉಳಿದಿವೆ. ಇವತ್ತು ಅವು ಲಂಡನ್ ಹತ್ತಿರದ ಕ್ಯೂನಲ್ಲಿ, ನ್ಯಾಷನಲ್ ಆರ್ಕೈವ್ಸ್‌ನಲ್ಲಿವೆ. ಸುರುಳಿಗೆ ಅಲ್ಲಿ ರೋಲ್ ಎನ್ನುತ್ತಾರೆ.

ಪೈಪ್ ರೋಲ್ ಎಂದರೆ ಶೆರಿಫ್‌ಗಳು ವರ್ಷಕ್ಕೊಮ್ಮೆ ಖಜಾನೆಗೆ ಒಪ್ಪಿಸುವ ಲೆಕ್ಕ. 1130ರದ್ದು ಒಂದು ಉಳಿದಿದೆ, ಆಮೇಲೆ 1150ರ ದಶಕದಿಂದ ಸಾಲಾಗಿ ಸಿಗುತ್ತವೆ. ಜಾನ್ ಪಟ್ಟಕ್ಕೆ ಬಂದ 1199ರ ಹೊತ್ತಿಗೆ ಕಚೇರಿಯವರು ಹೊರಹೋಗುವ ಪತ್ರಗಳ ನಕಲನ್ನೂ ಸುರುಳಿಗಳಲ್ಲಿ ಇಡಲು ಶುರು ಮಾಡಿದರು. ಎಲ್ಲರಿಗೂ ತೋರಿಸುವ ತೆರೆದ ಪತ್ರಗಳ ನಕಲು ಪೇಟೆಂಟ್ ರೋಲ್‌ನಲ್ಲಿ. ಮಡಿಸಿ ಮುದ್ರೆ ಒತ್ತಿ ಒಬ್ಬರಿಗೇ ಕಳಿಸುವ ಆಜ್ಞೆಗಳು ಕ್ಲೋಸ್ ರೋಲ್‌ನಲ್ಲಿ. ರಾಜನಿಂದ ಏನಾದರೂ ಅನುಕೂಲ ಪಡೆಯಲು ಜನ ಒಪ್ಪಿಕೊಂಡ ಹಣ ಫೈನ್ ರೋಲ್‌ನಲ್ಲಿ. ಭೂಮಿ ಕೊಟ್ಟದ್ದು, ಹಕ್ಕು ಕೊಟ್ಟದ್ದು ಚಾರ್ಟರ್ ರೋಲ್‌ನಲ್ಲಿ. ಕೋರ್ಟಿನ ವ್ಯಾಜ್ಯಗಳಿಗೆ ಪ್ಲೀ ರೋಲ್. ಹಳ್ಳಿಯ ಜನರನ್ನು ಹುಡುಕುವವರಿಗೆ ಮೇನರ್ ಕೋರ್ಟ್ ರೋಲ್, ಅಂದರೆ ಜಮೀನುದಾರನ ಕಟ್ಟೆಯಲ್ಲಿ ನಡೆದ ಪಂಚಾಯಿತಿಯ ದಾಖಲೆ. ಅಲ್ಲಿ ಹೊಲದ ಬದು ಒತ್ತಿದವನೂ ಸಿಗುತ್ತಾನೆ, ಅಳತೆ ತಪ್ಪಿಸಿ ಬಿಯರ್ ಮಾರಿದವಳೂ ಸಿಗುತ್ತಾಳೆ.

ಫೈನ್ ರೋಲ್‌ಗಳ ಒಂದು ಸಾಲು ಬಹಳ ಪ್ರಸಿದ್ಧ. 1204ರ ಡಿಸೆಂಬರ್ ಹೊತ್ತಿನದು. ಹ್ಯೂ ನೆವಿಲ್ ಎಂಬ ಅರಣ್ಯಾಧಿಕಾರಿಯ ಹೆಂಡತಿ, ತನ್ನ ಗಂಡನ ಜೊತೆ ಒಂದು ರಾತ್ರಿ ಕಳೆಯಲು ರಾಜನಿಗೆ 200 ಕೋಳಿ ಕೊಡುತ್ತಾಳೆ ಎಂದಿದೆ. ಗಂಡನಿಗೆ ರಜೆ ಕೇಳಿದ್ದಾ? ಆಸ್ಥಾನದ ತಮಾಷೆಯಾ? ರಾಜನ ದುರ್ನಡತೆಯ ಸುಳಿವಾ? ಇತಿಹಾಸಕಾರರು ಇವತ್ತಿಗೂ ಒಮ್ಮತಕ್ಕೆ ಬಂದಿಲ್ಲ. ಕಡತದ ಸಾಲು ಸ್ಪಷ್ಟವಾಗಿದ್ದ ಮಾತ್ರಕ್ಕೆ ಅರ್ಥವೂ ಸ್ಪಷ್ಟ ಎಂದುಕೊಳ್ಳಬೇಡಿ.

ನಮ್ಮ ವಾಶ್ ಪ್ರಶ್ನೆಗೆ ಬೇಕಾದ್ದು ಪೇಟೆಂಟ್ ಮತ್ತು ಕ್ಲೋಸ್ ರೋಲ್. ಇಲ್ಲಿ ನೋಡಬೇಕಾದ್ದು ಪತ್ರದ ಕೊನೆಯ ಸಾಲು. "ನಾನೇ ಸಾಕ್ಷಿ" ಎಂದು ರಾಜನ ಮಾತಿನಲ್ಲಿ ಶುರುವಾಗಿ ಊರಿನ ಹೆಸರು, ತಾರೀಖು ಬರುತ್ತದೆ. ಪತ್ರದ ವಿಷಯ ಏನೇ ಇರಲಿ, ಆ ಸಾಲುಗಳನ್ನಷ್ಟೇ ಹೆಕ್ಕಿ ಜೋಡಿಸಿದರೆ ರಾಜನ ದಿನಚರಿಯೇ ಸಿದ್ಧವಾಗುತ್ತದೆ. ಜಾನ್‌ನ ಇಂಥ ಪ್ರವಾಸಪಟ್ಟಿ 1835ರಲ್ಲೇ ಅಚ್ಚಾಗಿದೆ. ಒಂದು ಎಚ್ಚರಿಕೆ: ಮುಂದಿನ ಶತಮಾನಗಳಲ್ಲಿ ಮುದ್ರೆ ಒಂದು ಕಡೆ, ರಾಜ ಇನ್ನೊಂದು ಕಡೆ ಇರುವುದು ಮಾಮೂಲಿಯಾಯಿತು. ಆಗ ಪತ್ರದ ಊರು ಕಚೇರಿ ಇದ್ದ ಊರು ಮಾತ್ರ. ಜಾನ್ ಕಾಲಕ್ಕೆ ಈ ತೊಂದರೆ ಕಮ್ಮಿ.

## ಹಂತ 6: ತಾರೀಖನ್ನು ಬಿಡಿಸಿ

ಹೊಸಬರು ಎಡವುವುದು ಹೆಚ್ಚಾಗಿ ಇಲ್ಲೇ. ನಮ್ಮ ಶಾಸನಗಳಲ್ಲಿ ಶಕವರ್ಷ, ಸಂವತ್ಸರ, ತಿಥಿ ಇರುವ ಹಾಗೆ ಅಲ್ಲಿ ರಾಜನ ಆಳ್ವಿಕೆಯ ವರ್ಷ ಮತ್ತು ಹಬ್ಬದ ದಿನ ಇರುತ್ತದೆ.

ಒಂದು ಲೆಕ್ಕ ಮಾಡೋಣ. "ಮೂರನೇ ಎಡ್ವರ್ಡ್ ಆಳ್ವಿಕೆಯ 12ನೇ ವರ್ಷ, ಸಂತ ಮೈಕೆಲ್ ಹಬ್ಬದ ನಂತರದ ಸೋಮವಾರ" ಎಂದು ಇದೆ ಅಂದುಕೊಳ್ಳಿ. ಅವನ ಆಳ್ವಿಕೆ ಶುರುವಾದದ್ದು 1327ರ ಜನವರಿ 25. ಹಾಗಾದರೆ 12ನೇ ವರ್ಷ 1338ರ ಜನವರಿ 25ರಿಂದ 1339ರ ಜನವರಿ 24. ಸಂತ ಮೈಕೆಲ್ ಹಬ್ಬ ಸೆಪ್ಟೆಂಬರ್ 29. ಆ ವರ್ಷ, ಹಳೆಯ ಜೂಲಿಯನ್ ಪಂಚಾಂಗದಲ್ಲಿ, ಅದು ಮಂಗಳವಾರ. ಮುಂದಿನ ಸೋಮವಾರ ಎಂದರೆ 1338ರ ಅಕ್ಟೋಬರ್ 5. ಮುಗಿಯಿತು.

ಜಾನ್ ವಿಷಯದಲ್ಲಿ ಇನ್ನೊಂದು ಗಂಟಿದೆ. ಅವನ ಪಟ್ಟಾಭಿಷೇಕ 1199ರ ಮೇ 27ರಂದು, ಯೇಸುವಿನ ಸ್ವರ್ಗಾರೋಹಣದ ಹಬ್ಬದ ದಿನ ನಡೆಯಿತು. ಈ ಹಬ್ಬ ಈಸ್ಟರ್ ಜೊತೆ ಹಿಂದೆ ಮುಂದೆ ಓಡಾಡುತ್ತದೆ. ಅವನ ಆಳ್ವಿಕೆಯ ವರ್ಷವನ್ನೂ ಹಬ್ಬದಿಂದ ಹಬ್ಬಕ್ಕೆ ಎಣಿಸಿದರು. ಹಾಗಾಗಿ ಕೆಲವು ವರ್ಷ ಉದ್ದ, ಕೆಲವು ಗಿಡ್ಡ. ಅವನ 3ನೇ ವರ್ಷ 1201ರ ಮೇ 3ರಿಂದ 1202ರ ಮೇ 22ರವರೆಗೆ ಇದೆ. "3ನೇ ವರ್ಷದ ಮೇ 10" ಎಂದರೆ ಯಾವುದು? ಎರಡಿವೆ! ಪತ್ರದಲ್ಲಿರುವ ಊರನ್ನು ನೋಡಿ ನಿರ್ಧರಿಸಬೇಕು.

ವರ್ಷದ ಆರಂಭವೂ ಒಂದೇ ಅಲ್ಲ. ಇಂಗ್ಲೆಂಡಿನಲ್ಲಿ 1752ರ ಸುಧಾರಣೆಯವರೆಗೆ ಅಧಿಕೃತ ವರ್ಷ ಶುರುವಾಗುತ್ತಿದ್ದದ್ದು ಮಾರ್ಚ್ 25ಕ್ಕೆ. ಅಂಥ ದಾಖಲೆಯಲ್ಲಿ 1300ರ ಫೆಬ್ರವರಿ ಎಂದಿದ್ದರೆ ನಮ್ಮ ಲೆಕ್ಕಕ್ಕೆ ಅದು 1301. ಕೆಲವು ಮಠಗಳು ಕ್ರಿಸ್‌ಮಸ್‌ನಿಂದ ವರ್ಷ ಎಣಿಸುತ್ತಿದ್ದವು. ಆರ್ಚ್‌ಬಿಷಪ್ ಥಾಮಸ್ ಬೆಕೆಟ್ ಕೊಲೆಯಾದದ್ದು 1170ರ ಡಿಸೆಂಬರ್ 29. ಕ್ರಿಸ್‌ಮಸ್ ಲೆಕ್ಕದವರಿಗೆ ಅದು 1171. ಎರಡೂ ಸರಿ.

ಬರೀ ಕೈತಪ್ಪೂ ಇರುತ್ತದೆ. ವೈಕಿಂಗರು 793ರಲ್ಲಿ ಲಿಂಡಿಸ್‌ಫಾರ್ನ್ ಮಠ ಸುಲಿದದ್ದು ಜನವರಿಯಲ್ಲಿ ಎಂದು ಆಂಗ್ಲೋ ಸ್ಯಾಕ್ಸನ್ ಕ್ರಾನಿಕಲ್ ಹೇಳುತ್ತದೆ. ಉತ್ತರ ಸಮುದ್ರದ ಜನವರಿಯಲ್ಲಿ ದೋಣಿ ಕಟ್ಟಿಕೊಂಡು ಯಾರು ಬರುತ್ತಾರೆ? ಬೇರೆ ಆಕರಗಳಲ್ಲಿ ಜೂನ್ 8 ಎಂದಿದೆ. ಅದನ್ನೇ ಈಗ ಎಲ್ಲರೂ ಒಪ್ಪುತ್ತಾರೆ.

## ಹಂತ 7: ಅಂಕಿ ಕಂಡರೆ ನಿಲ್ಲಿ

ಕ್ರಾನಿಕಲ್‌ನಲ್ಲಿ ಬರುವ ದೊಡ್ಡ ಸಂಖ್ಯೆ ಹೆಚ್ಚಾಗಿ "ತುಂಬಾ ಜನ" ಎಂದಷ್ಟೇ. 1415ರ ಅಜಿನ್‌ಕೋರ್ಟ್ ಯುದ್ಧದಲ್ಲಿ ಫ್ರೆಂಚರು 60,000 ಇದ್ದರು ಎಂದು ಇಂಗ್ಲಿಷ್ ಸೇನೆಯ ಜೊತೆಗಿದ್ದ ಪಾದ್ರಿಯೊಬ್ಬ ಬರೆದಿದ್ದಾನೆ. ಸಂಬಳದ ಲೆಕ್ಕ, ಹಾಜರಿ ಪಟ್ಟಿ, ಒಪ್ಪಂದ ಪತ್ರಗಳನ್ನು ಹಿಡಿದು ಎಣಿಸಿದ ಇತಿಹಾಸಕಾರರು ಫ್ರೆಂಚ್ ಸಂಖ್ಯೆಯನ್ನು ಬಹಳ ಕೆಳಗೆ ಇಳಿಸಿದ್ದಾರೆ. ಸಂಬಳ ಕೊಡುವವನು ಇಲ್ಲದ ಸೈನಿಕನನ್ನು ಎಣಿಸುವುದಿಲ್ಲ, ಅಲ್ವಾ?

1348ರಲ್ಲಿ ಬಂದ ಮಹಾಪ್ಲೇಗ್‌ಗೂ ಇದೇ ದಾರಿ. ಲೆಸ್ಟರ್‌ನ ಹೆನ್ರಿ ನೈಟನ್ ತನ್ನ ಊರಿನ ಒಂದು ಚಿಕ್ಕ ಪ್ಯಾರಿಶ್‌ನಲ್ಲಿ (ಒಂದು ಚರ್ಚಿಗೆ ಸೇರಿದ ಪ್ರದೇಶ) 380ಕ್ಕೂ ಹೆಚ್ಚು, ಇನ್ನೊಂದರಲ್ಲಿ 400ಕ್ಕೂ ಹೆಚ್ಚು, ಮತ್ತೊಂದರಲ್ಲಿ 700ಕ್ಕೂ ಹೆಚ್ಚು ಜನ ಸತ್ತರು ಎನ್ನುತ್ತಾನೆ. ಪರೀಕ್ಷಿಸಲು ಬಿಷಪ್‌ರ ರಿಜಿಸ್ಟರ್ ಇದೆ. ಚರ್ಚಿನ ಪಾದ್ರಿ ಸತ್ತರೆ ಹೊಸಬನನ್ನು ನೇಮಿಸಿದ ಸಾಲು ಅಲ್ಲಿ ಬರುತ್ತದೆ. ತಿಂಗಳಿಗೆ ಎಷ್ಟು ನೇಮಕ ಎಂದು ಎಣಿಸಿದರೆ ಪ್ಲೇಗ್ ಯಾವ ಊರಿನಿಂದ ಯಾವ ಊರಿಗೆ ನಡೆದುಹೋಯಿತು ಎಂದು ಕಣ್ಣಿಗೆ ಕಟ್ಟುತ್ತದೆ.

ಹಣದ ಲೆಕ್ಕ ಚುಟುಕಾಗಿ: 12 ಪೆನ್ನಿಗೆ 1 ಶಿಲ್ಲಿಂಗ್, 20 ಶಿಲ್ಲಿಂಗ್‌ಗೆ 1 ಪೌಂಡ್, ಅಂದರೆ 240 ಪೆನ್ನಿ. ಮಾರ್ಕ್ ಎಂದು ಬಂದರೆ 160 ಪೆನ್ನಿ. ಮಾರ್ಕ್ ಬರೀ ಲೆಕ್ಕದ ಅಳತೆ, ಆ ಹೆಸರಿನ ನಾಣ್ಯ ಅಲ್ಲಿರಲಿಲ್ಲ.

## ಹಂತ 8: ಕಡತವನ್ನೂ ಅನುಮಾನಿಸಿ

ಅಂಕಿ ಅಂಶ ಇದೆ ಎಂದ ಕೂಡಲೇ ಕಡತ ಸತ್ಯ ಆಗುವುದಿಲ್ಲ. 1377ರಲ್ಲಿ ಇಂಗ್ಲೆಂಡಿನಲ್ಲಿ ತಲೆಗೆ 4 ಪೆನ್ನಿ ತೆರಿಗೆ ಹಾಕಿದರು. ಸುಮಾರು 13.5 ಲಕ್ಷ ಜನ ಕಟ್ಟಿದ ಲೆಕ್ಕ ಇದೆ. 1381ರಲ್ಲಿ ಸರಾಸರಿ ತಲೆಗೆ 12 ಪೆನ್ನಿ ಕೇಳಿದರು. ಕಟ್ಟಿದವರು ಸುಮಾರು 9 ಲಕ್ಷಕ್ಕೆ ಇಳಿದರು. ವಯಸ್ಸಿನ ಮಿತಿ 14ರಿಂದ 15ಕ್ಕೆ ಏರಿತ್ತು, ನಿಜ. ಆದರೆ ನಾಲ್ಕು ವರ್ಷದಲ್ಲಿ ಮೂರನೇ ಒಂದು ಭಾಗ ಜನ ಎಲ್ಲಿ ಹೋದರು? ಎಲ್ಲೂ ಹೋಗಲಿಲ್ಲ. ಪಟ್ಟಿಯಲ್ಲಿ ಹೆಸರು ಬರೆಸಲಿಲ್ಲ. ಅದೇ ವರ್ಷ ರೈತರ ದಂಗೆ ಎದ್ದಿತು. ದಂಗೆಕೋರರು ಅನೇಕ ಕಡೆ ಮೇನರ್ ಕೋರ್ಟ್ ರೋಲ್‌ಗಳನ್ನು ಹುಡುಕಿ ಸುಟ್ಟರು. ತಮ್ಮ ಜೀತವನ್ನು ಹಿಡಿದಿಟ್ಟಿರುವುದು ಆ ಚರ್ಮದ ಹಾಳೆ ಎಂದು ಅವರಿಗೆ ಚೆನ್ನಾಗಿ ಗೊತ್ತಿತ್ತು. ಹಾಗಾಗಿ ಒಂದು ಹಳ್ಳಿಯ ದಾಖಲೆ 1381ರಿಂದಲೇ ಶುರುವಾದರೆ ಆಶ್ಚರ್ಯಪಡಬೇಡಿ.

1086ರ ಡೂಮ್ಸ್‌ಡೇ ಬುಕ್‌ಗೂ, ಅಂದರೆ ಇಂಗ್ಲೆಂಡಿನ ಜಮೀನಿನ ಸಮೀಕ್ಷೆಗೂ, ಅಂಚುಗಳಿವೆ. 13,000ಕ್ಕೂ ಹೆಚ್ಚು ಊರುಗಳ ಹೊಲ, ನೇಗಿಲು, ಗಿರಣಿ, ಬೆಲೆ ಎಲ್ಲ ಅದರಲ್ಲಿದೆ. ಲಂಡನ್ ಇಲ್ಲ, ವಿಂಚೆಸ್ಟರ್ ಇಲ್ಲ, ಡರಮ್ ಮತ್ತು ನಾರ್ಥಂಬರ್‌ಲೆಂಡ್ ಇಲ್ಲ. ಎಣಿಸಿದ್ದು ಮನೆ ಯಜಮಾನರನ್ನು, ಹೆಂಗಸರು ಮಕ್ಕಳನ್ನಲ್ಲ. ಜನಸಂಖ್ಯೆ ಹೇಳುವ ಯಾರನ್ನೇ ಆಗಲಿ, ಎಷ್ಟರಿಂದ ಗುಣಿಸಿದಿರಿ ಎಂದು ಕೇಳಿ.

ಕಳ್ಳ ದಾಖಲೆಗಳೂ ಇವೆ. ಹಳೆಯ ರಾಜರ ಹೆಸರಲ್ಲಿ ಭೂದಾನದ ಪತ್ರ ಸೃಷ್ಟಿಸಿದ ಮಠಗಳು ಒಂದೆರಡಲ್ಲ. ವೆಸ್ಟ್‌ಮಿನ್‌ಸ್ಟರ್‌ನ ಸನ್ಯಾಸಿಗಳು 12ನೇ ಶತಮಾನದಲ್ಲಿ ಈ ಕೆಲಸ ದೊಡ್ಡದಾಗಿಯೇ ಮಾಡಿದರು. ಆದರೆ ಅವನ್ನು ಬಿಸಾಡಬೇಡಿ. 11ನೇ ಶತಮಾನದ್ದು ಎಂದುಕೊಳ್ಳುವ ಖೋಟಾ ಪತ್ರ 11ನೇ ಶತಮಾನಕ್ಕೆ ಸಾಕ್ಷಿಯಲ್ಲ. ಅದನ್ನು ಸೃಷ್ಟಿಸಿದ 12ನೇ ಶತಮಾನದ ಮಠಕ್ಕೆ ಯಾವ ಜಮೀನಿನ ಬಗ್ಗೆ ಭಯ ಇತ್ತು ಎಂಬುದಕ್ಕೆ ಅದರಷ್ಟು ಒಳ್ಳೆಯ ಸಾಕ್ಷಿ ಬೇರೆ ಇಲ್ಲ.

## ಹಂತ 9: ಎರಡನ್ನೂ ಎದುರುಬದುರು ಕೂರಿಸಿ

ಈಗ ವಾಶ್‌ಗೆ ಬನ್ನಿ. ರೋಲ್‌ಗಳ ಪ್ರಕಾರ ಅಕ್ಟೋಬರ್ 9ರಿಂದ 11ರವರೆಗೆ ಜಾನ್ ಲಿನ್‌ನಲ್ಲಿದ್ದ. 12ಕ್ಕೆ ವಿಸ್ಬೀಚ್. ಆಮೇಲೆ ಸ್ವೈನ್ಸ್‌ಹೆಡ್, ಸ್ಲೀಫರ್ಡ್, ಕೊನೆಗೆ ನ್ಯೂಆರ್ಕ್. ಅಲ್ಲಿ 18ರ ರಾತ್ರಿ ತೀರಿಕೊಂಡ. ಒಂದು ನಕ್ಷೆ ತೆಗೆದು ಈ ಊರುಗಳಿಗೆ ಚುಕ್ಕೆ ಇಡಿ. ವಿಸ್ಬೀಚ್ ಇರುವುದು ಅಳಿವೆಯ ಒಳಭಾಗದಲ್ಲಿ, ಅಂದರೆ ರಾಜ ಸುತ್ತು ದಾರಿಯಲ್ಲಿ ಹೋದ. ಸಾಮಾನು ಸಾಗಿಸುವವರು ಇಳಿತದ ಹೊತ್ತಲ್ಲಿ ಅಳಿವೆಯನ್ನೇ ಅಡ್ಡ ದಾಟಲು ನೋಡಿರಬೇಕು ಎಂದು ಇತಿಹಾಸಕಾರರು ಊಹಿಸುವುದು ಇದರಿಂದಲೇ. ಹಾಗಾದರೆ ರಾಜನೇ ಕಷ್ಟಪಟ್ಟು ನೀರಿನಿಂದ ಪಾರಾದ ಎಂಬ ರೋಜರ್‌ನ ಮಾತು ಅಲುಗಾಡುತ್ತದೆ. ಅವಸರದಲ್ಲಿ ಹೊರಟ ಪರಿವಾರ ಎಂಬ ರಾಲ್ಫ್‌ನ ಮಾತು ಚೆನ್ನಾಗಿ ಹೊಂದುತ್ತದೆ.

ಕಾಯಿಲೆ ಎಲ್ಲಿ ಶುರುವಾಯಿತು? ಪೇಟೆಂಟ್ ರೋಲ್‌ನಲ್ಲಿ ಅಕ್ಟೋಬರ್ 10ರ ಒಂದು ಪತ್ರದ ನಕಲಿದೆ. ಮಾರ್ಗರೆಟ್ ಲೇಸಿ ಎಂಬ ಹೆಣ್ಣುಮಗಳಿಗೆ ಧಾರ್ಮಿಕ ಮನೆ ಕಟ್ಟಲು ಜಾನ್ ಅಕೋನ್‌ಬರಿ ಕಾಡಿನಲ್ಲಿ ಜಾಗ ಕೊಡುತ್ತಾನೆ, ಅವಳ ಅಪ್ಪ, ಅಮ್ಮ, ಅಣ್ಣನ ಆತ್ಮಶಾಂತಿಗಾಗಿ. ಆ ಅಮ್ಮ ಮತ್ತು ಅಣ್ಣ 1210ರಲ್ಲಿ ಇದೇ ಜಾನ್‌ನ ಸೆರೆಯಲ್ಲಿ ಅನ್ನವಿಲ್ಲದೆ ಸತ್ತವರು. ಅವಳ ಅಪ್ಪ ದೇಶ ಬಿಟ್ಟು ಓಡಿಹೋಗಿ ಪರದೇಶದಲ್ಲಿ ಸತ್ತವನು. ಆರು ವರ್ಷ ಬಿಟ್ಟು, ಯುದ್ಧದ ನಡುವೆ, ಲಿನ್‌ನಲ್ಲಿ ಕೂತಿದ್ದಾಗ ಜಾನ್‌ಗೆ ಅವರ ನೆನಪು ಯಾಕೆ ಬಂತು? ಸಾವು ಹತ್ತಿರ ಬಂದಿದೆ ಎಂದು ಅನ್ನಿಸಿತ್ತಾ? ಗಟ್ಟಿ ಪುರಾವೆ ಎಂದು ಹೇಳಲಾರೆ. ಆದರೆ ಲಿನ್‌ನಲ್ಲೇ ಕಾಯಿಲೆ ಹತ್ತಿತ್ತು ಎಂಬ ರಾಲ್ಫ್‌ನ ಮಾತಿನ ಪಕ್ಕ ಈ ಪತ್ರವನ್ನು ಇಟ್ಟರೆ ಎರಡೂ ಒಂದನ್ನೊಂದು ಹಿಡಿದು ನಿಲ್ಲುತ್ತವೆ. ನನಗೆ ಇಡೀ ರೋಲ್‌ನಲ್ಲಿ ಅತಿ ಮನಮುಟ್ಟುವ ಸಾಲು ಇದು.

ಇನ್ನು ಖಜಾನೆ. ಜಾನ್ ತನ್ನ ಒಡವೆ, ಪಾತ್ರೆಗಳನ್ನು ಮಠಗಳಲ್ಲಿ ಇಟ್ಟಿದ್ದು, ಯುದ್ಧದ ಹೊತ್ತಿಗೆ ವಾಪಸ್ ತರಿಸಿಕೊಂಡದ್ದಕ್ಕೆ ರಸೀದಿಗಳಿವೆ. ಅವನ ಹತ್ತಿರ ಬೆಲೆಬಾಳುವ ವಸ್ತುಗಳು ಇದ್ದವು ಅನ್ನುವಷ್ಟು ನಿಜ. ಎಷ್ಟು ಹೋಯಿತು ಎಂಬ ಪಟ್ಟಿ ರೋಲ್‌ಗಳಲ್ಲಿ ಸಿಗುವುದಿಲ್ಲ. ಪೈಪ್ ರೋಲ್ ನೋಡೋಣ ಎಂದರೆ ಅಂತರ್ಯುದ್ಧದಿಂದ ಆ ವರ್ಷದ ಲೆಕ್ಕಪತ್ರವೇ ನಡೆಯಲಿಲ್ಲ. ಅವನ ಮಗ ಮೂರನೇ ಹೆನ್ರಿಗೆ ಅಕ್ಟೋಬರ್ 28ರಂದು ಗ್ಲಾಸ್ಟರ್‌ನಲ್ಲಿ ಸರಿಯಾದ ಕಿರೀಟವಿಲ್ಲದೆ ಚಿನ್ನದ ಪಟ್ಟಿ ತೊಡಿಸಿ ಪಟ್ಟ ಕಟ್ಟಿದ್ದನ್ನು ಕೆಲವರು ಪುರಾವೆಯಾಗಿ ಕೊಡುತ್ತಾರೆ. ಆದರೆ ಆಗ ಲಂಡನ್ ಮತ್ತು ವೆಸ್ಟ್‌ಮಿನ್‌ಸ್ಟರ್, ಸಾಮಂತರ ಪರ ಬಂದಿದ್ದ ಫ್ರೆಂಚ್ ರಾಜಕುಮಾರ ಲೂಯಿಯ ಕಡೆಯವರ ಕೈಯಲ್ಲಿದ್ದವು. ಕಿರೀಟ ಸಿಗದಿರಲು ಅದೂ ಸಾಕು.

ನಿಮ್ಮ ಟಿಪ್ಪಣಿಯಲ್ಲಿ ಮೂರು ಗುಂಪು ಮಾಡಿ. ಖಚಿತ: ರಾಜನ ದಾರಿ, ಸಾಮಾನು ಮತ್ತು ಜನ ನೀರುಪಾಲಾದದ್ದು. ಬಹುಶಃ: ಪೂಜಾ ಸಾಮಗ್ರಿ ಮತ್ತು ಒಂದಷ್ಟು ಬೆಲೆಬಾಳುವ ವಸ್ತು ಹೋದದ್ದು, ಕಾಯಿಲೆ ಲಿನ್‌ನಲ್ಲೇ ಶುರುವಾದದ್ದು. ಕಥೆ: ಇಡೀ ಖಜಾನೆ, ನೆಲ ಬಾಯಿಬಿಟ್ಟದ್ದು. ಪೀಚ್ ಹಣ್ಣನ್ನು ನಾನು ಎರಡನೇ ಗುಂಪಿಗೂ ಮೂರನೆಯದಕ್ಕೂ ನಡುವೆ ಇಡುತ್ತೇನೆ.

## ಹಂತ 10: ಮನೆಯಲ್ಲೇ ಕೂತು ಎಲ್ಲಿ ಹುಡುಕುವುದು?

ರೋಲ್ಸ್ ಸೀರೀಸ್‌ನ ಹಳೆಯ ಸಂಪುಟಗಳು, ಜಾನ್ ಕಾಲದ ರೋಲ್‌ಗಳ ಅಚ್ಚು ಪ್ರತಿಗಳು ಇಂಟರ್‌ನೆಟ್ ಆರ್ಕೈವ್‌ನಲ್ಲಿ ಸಿಗುತ್ತವೆ. ಬ್ರಿಟಿಷ್ ಹಿಸ್ಟರಿ ಆನ್‌ಲೈನ್‌ನಲ್ಲಿ ಅನೇಕ ದಾಖಲೆಗಳ ಇಂಗ್ಲಿಷ್ ಸಾರಾಂಶ ಇದೆ. ಆಂಗ್ಲೋ ಸ್ಯಾಕ್ಸನ್ ಕ್ರಾನಿಕಲ್‌ನ ಎ ಪ್ರತಿಯನ್ನೂ ಮ್ಯಾಥ್ಯೂ ಪ್ಯಾರಿಸ್ ತನ್ನ ಕೈಯಿಂದ ಬರೆದ ಹಾಳೆಗಳನ್ನೂ ಕೇಂಬ್ರಿಜ್‌ನ ಪಾರ್ಕರ್ ಲೈಬ್ರರಿ ಫೋಟೊ ತೆಗೆದು ಹಾಕಿದೆ. ಆ ಹಾಳೆಗಳ ಅಂಚಿನಲ್ಲಿ ಅವನು ಬಿಡಿಸಿದ ಚಿತ್ರಗಳನ್ನು ತಪ್ಪದೆ ನೋಡಿ. ಕೋರ್ಟಿನ ಪ್ಲೀ ರೋಲ್‌ಗಳ ಲಕ್ಷಗಟ್ಟಲೆ ಫೋಟೊಗಳನ್ನು ಹ್ಯೂಸ್ಟನ್ ವಿಶ್ವವಿದ್ಯಾಲಯದ ಯೋಜನೆಯೊಂದು ತೆರೆದಿಟ್ಟಿದೆ. ಡೂಮ್ಸ್‌ಡೇಗೆ ಓಪನ್ ಡೂಮ್ಸ್‌ಡೇ ತಾಣ ಸಾಕು, ಊರಿನ ಹೆಸರು ಹಾಕಿದರೆ ಪುಟವೇ ಬರುತ್ತದೆ.

ಸಾರಾಂಶ ಓದುವಾಗ ಒಂದು ಮಾತು ನೆನಪಿರಲಿ. ಸಂಪಾದಕರು ತಮಗೆ ಮುಖ್ಯ ಅನ್ನಿಸಿದ್ದನ್ನು ಇಟ್ಟು ಉಳಿದದ್ದನ್ನು ಬಿಟ್ಟಿರುತ್ತಾರೆ. ಸಾಕ್ಷಿಗಳ ಹೆಸರು, ಜಮೀನಿನ ಎಲ್ಲೆಕಟ್ಟು ಹೆಚ್ಚಾಗಿ ಬಿಟ್ಟುಹೋಗಿರುತ್ತದೆ. ಮುಖ್ಯವಾದ ಸಾಲಿಗೆ ಮೂಲವನ್ನೇ ನೋಡಿ.

ಲ್ಯಾಟಿನ್ ಬರುವುದಿಲ್ಲ ಎಂದು ಹೆದರಬೇಡಿ. ಕಡತದ ಲ್ಯಾಟಿನ್ ಕಾವ್ಯದ ಲ್ಯಾಟಿನ್ ಅಲ್ಲ. ಅದೇ ಹತ್ತಿಪ್ಪತ್ತು ವಾಕ್ಯಗಳು ತಿರುತಿರುಗಿ ಬರುತ್ತವೆ. ನ್ಯಾಷನಲ್ ಆರ್ಕೈವ್ಸ್ ತಾಣದಲ್ಲಿ ಮಧ್ಯಯುಗದ ಲ್ಯಾಟಿನ್‌ಗೂ ಹಳೆಯ ಕೈಬರಹಕ್ಕೂ ಉಚಿತ ಪಾಠಗಳಿವೆ. ಗುಮಾಸ್ತರು ಪದಗಳನ್ನು ತುಂಡರಿಸಿ ಮೇಲೊಂದು ಗೆರೆ ಎಳೆಯುತ್ತಿದ್ದರು. ಆ ಸಂಕ್ಷೇಪಗಳ ಪಟ್ಟಿಯನ್ನು ಪಕ್ಕದಲ್ಲಿ ಇಟ್ಟುಕೊಳ್ಳಿ. ಮೊದಲು ಅಚ್ಚು ಪ್ರತಿ ಓದಿ, ಆಮೇಲೆ ಅದೇ ಸಾಲಿನ ಫೋಟೊ ನೋಡಿ. ಕೈಬರಹ ಕಲಿಯಲು ಇದಕ್ಕಿಂತ ಸುಲಭದ ದಾರಿ ಇಲ್ಲ.

ಬ್ರಿಟನ್ ಎಂದರೆ ಇಂಗ್ಲೆಂಡ್ ಒಂದೇ ಅಲ್ಲ ಎನ್ನುವುದೂ ಗಮನದಲ್ಲಿರಲಿ. ವೇಲ್ಸ್‌ಗೆ 'ಬ್ರುತ್ ಅ ತುವುಸೊಗ್ಯೋನ್' ಎಂಬ ರಾಜಕುಮಾರರ ವೃತ್ತಾಂತ ಇದೆ. ಸ್ಕಾಟ್ಲೆಂಡ್‌ಗೆ ಮೆಲ್‌ರೋಸ್ ಮಠದ ಕ್ರಾನಿಕಲ್ ಇದೆ. ಗಡಿಯ ಒಂದು ಯುದ್ಧವನ್ನು ಬರೀ ಇಂಗ್ಲಿಷ್ ಆಕರದಿಂದ ಬರೆದರೆ ಅರ್ಧ ಮಾತ್ರ ಬರೆದ ಹಾಗೆ.

ಮೊದಲ ಅಭ್ಯಾಸಕ್ಕೆ ಮೂರನೇ ಹೆನ್ರಿಯ ಫೈನ್ ರೋಲ್‌ಗಳ ತಾಣಕ್ಕೆ ಹೋಗಿ. 1216ರಿಂದ 1272ರವರೆಗಿನ ಎಲ್ಲವೂ ಇಂಗ್ಲಿಷ್ ಅನುವಾದದಲ್ಲಿ, ಮೂಲ ಸುರುಳಿಯ ಫೋಟೊ ಸಮೇತ ಇವೆ. ಒಬ್ಬ ವಿಧವೆಯ ಹೆಸರು ಆರಿಸಿ. ಮರುಮದುವೆಗೆ ಒತ್ತಾಯಿಸಬಾರದೆಂದು ರಾಜನಿಗೆ ಹಣ ಒಪ್ಪಿಕೊಂಡ ಹೆಂಗಸರು ಅಲ್ಲಿ ಅನೇಕರಿದ್ದಾರೆ. ಅವಳು ಎಷ್ಟು ಕೊಟ್ಟಳು, ಯಾವ ದಿನ, ಯಾವ ಊರಲ್ಲಿ ಎಂದು ಬರೆದುಕೊಳ್ಳಿ. ಆಮೇಲೆ ಮುಂದಿನ ವರ್ಷಗಳ ಪೈಪ್ ರೋಲ್‌ನಲ್ಲಿ ಆ ಸಾಲ ತೀರಿತಾ ಎಂದು ಹುಡುಕಿ.